ಮುಗಿಲಕಾರರ ಮೂವತ್ತೊಕ್ಕಲು

ಜೂನ್ ಅರ್ಧ ಕಳೆಯಿತೆಂದರೆ ಬಾಗಲಕೋಟೆಯಲ್ಲಿ ನನಗೊಂದು ಸಿಟ್ಟು ಶುರುವಾಗುತ್ತದೆ. ಮಳೆ ಇಲ್ಲದ್ದಕ್ಕೆ ಬರುವ ಸಿಟ್ಟು ನಮ್ಮ ಕಡೆಯವರಿಗೆ ಹುಟ್ಟಿನಿಂದ ರೂಢಿ. ಇದು ಮೋಡ ಇದ್ದೂ ಮಳೆ ಇಲ್ಲವಲ್ಲ ಅನ್ನುವ ಸಿಟ್ಟು. ಪಡುವಲ ಗಾಳಿ ಬಿಟ್ಟೂ ಬಿಡದೆ ಬೀಸುತ್ತದೆ. ಬೆಳಗಿನಿಂದ ಸಂಜೆತನಕ ಮೋಡಗಳು ತಲೆ ಮೇಲೆ ಮೂಡಲಕ್ಕೆ ಓಡುತ್ತಲೇ ಇರುತ್ತವೆ. ಬಿಸಿಲು ಹೋಗಿ ನೆರಳು, ನೆರಳು ಹೋಗಿ ಬಿಸಿಲು. ಅವ್ವ ಒಣಹಾಕಿದ ಬಟ್ಟೆಯನ್ನು ತೆಗೆಯುತ್ತಾಳೆ, ಮತ್ತೆ ಹಾಕುತ್ತಾಳೆ. ಅಷ್ಟರಲ್ಲಿ ಬೆಳಗಾವಿಯಲ್ಲಿರುವ ತಂಗಿ ಮಳೆಯ ವಿಡಿಯೊ ಕಳಿಸುತ್ತಾಳೆ. ಟಿಳಕವಾಡಿಯ ರಸ್ತೆ ತುಂಬ ನೀರು, ಹಿಂದೆ ಯಾರೋ ಭಜಿ ಕರಿಯುವ ಸದ್ದು. "ನಿಮ್ಮ ಕಡೆ ಹೆಂಗೈತಿ?" ಅಂತ ಕೇಳುತ್ತಾಳೆ. ನಾನು ಉತ್ತರ ಬರೆಯುವುದಿಲ್ಲ, ನಮ್ಮ ಮುಗಿಲಿನ ಫೋಟೊ ತೆಗೆದು ಕಳಿಸುತ್ತೇನೆ.

ಈ ಸಿಟ್ಟನ್ನು ಯಾರ ಮೇಲೆ ತೀರಿಸಬೇಕು? ನಳದ ನೀರು ಬರದಿದ್ದರೆ ನೀರು ಬಿಡುವವನಿಗೆ ಫೋನ್ ಮಾಡಬಹುದು. ಕರೆಂಟ್ ಹೋದರೆ ಲೈನ್‌ಮನ್ ಇದ್ದಾನೆ. ಹಾಲು ತೆಳ್ಳಗಿದ್ದರೆ ಹಾಲಿನವನ ಹತ್ತಿರ ಗದ್ದಲ ಹಾಕಬಹುದು. ಮೋಡದ ವಿಷಯದಲ್ಲಿ ಮಾತ್ರ ಎದುರಿಗೆ ಯಾರೂ ಇಲ್ಲ. ಮಳೆರಾಯ ಅಂದರೆ ದೇವರು. ದೇವರ ಹತ್ತಿರ ಎಷ್ಟು ಜಗಳ ಆಡಿದರೂ ಕೊನೆಗೆ ಅದು ಪ್ರಾರ್ಥನೆಯೇ ಆಗಿಬಿಡುತ್ತದೆ. ಹವಾಮಾನ ಇಲಾಖೆಯವರು ಬರೀ ಸುದ್ದಿ ಹೇಳುವವರು, ಪಾಪ. ಹಾಗಾಗಿ ಕೆಲವು ವರ್ಷಗಳಿಂದ ನಾನು ತಲೆಯೊಳಗೆ ಒಂದು ಸಂಘ ಕಟ್ಟುತ್ತಾ ಬಂದಿದ್ದೇನೆ. ಮೋಡ ಮಾಡುವ ಕಸುಬುದಾರರ ಸಂಘ. ಅವರಿಗೆ ಮುಗಿಲಕಾರರು ಅಂತ ಹೆಸರಿಟ್ಟಿದ್ದೇನೆ. ಮೂವತ್ತು ಮನೆ. ಅವರಿಗೆ ಕಟ್ಟಳೆ ಇದೆ, ಕೂಲಿ ಇದೆ, ಕೆಲಸ ಕೆಟ್ಟರೆ ದಂಡ ಇದೆ. ಎಲ್ಲಕ್ಕಿಂತ ಜಾಸ್ತಿ, ಜಗಳಕ್ಕೆ ಹೋದವರಿಗೆ ತಟ್ಟಲು ಒಂದು ಬಾಗಿಲಿದೆ.

ಇಳಕಲ್ಲಿನ ಮಗ್ಗದ ಮನೆ

ಇದರ ಎಳೆ ಸಿಕ್ಕಿದ್ದು ಇಳಕಲ್ಲಿನಲ್ಲಿ. ತಂಗಿಯ ಕುಬಸಕ್ಕೆ, ಅಂದರೆ ಸೀಮಂತಕ್ಕೆ, ಹಸಿರು ಸೀರೆ ಬೇಕಾಗಿತ್ತು. ಪವರ್‌ಲೂಮಿನದು ಅಂಗಡಿಯಲ್ಲಿ ಬೇಕಾದಷ್ಟಿದೆ. ಅವ್ವನಿಗೆ ಮಾತ್ರ ಕೈಮಗ್ಗದ್ದೇ ಆಗಬೇಕು. ಪರಿಚಯದವರೊಬ್ಬರು ನೇಕಾರರ ಮನೆ ತೋರಿಸಿದರು. ಹಳೆಯ ಕುಣಿಮಗ್ಗ. ನೇಯುವವರ ಕಾಲು ನೆಲದ ಕುಣಿಯೊಳಗೆ, ಕಣ್ಣು ಹಾಸಿನ ಮೇಲೆ, ಅಂದರೆ ಬಿಗಿದ ಉದ್ದ ಎಳೆಗಳ ಮೇಲೆ. ಮನೆಯೊಳಗೆ ಹೊರಗಿಗಿಂತ ತಂಪು. ಒಣ ಗಾಳಿಯಲ್ಲಿ ಹತ್ತಿ ನೂಲು ಪಟಪಟ ಹರಿಯುತ್ತದೆ, ಕುಣಿಯ ನೆಲದ ಹಸಿ ಅದನ್ನು ತಡೆಯುತ್ತದೆ ಅಂತ ಅವರು ಹೇಳಿದ ಮೇಲೆ, ಈ ಮಗ್ಗವನ್ನು ನೆಲದೊಳಗೆ ಇಳಿಸಿದ್ದೇಕೆ ಅಂತ ಗೊತ್ತಾಯಿತು.

ಇಳಕಲ್ ಸೀರೆ ಉಟ್ಟವರಿಗೆಲ್ಲ ಕೊಂಡಿಯ ಹೆಸರು ಗೊತ್ತು. ಹಾಕುವುದನ್ನು ಕಂಡವರು ಕಡಿಮೆ. ಸೀರೆಯ ಮೈಗೆ ಒಂದು ಹಾಸು, ಸೆರಗಿಗೆ ಇನ್ನೊಂದು. ಮೈಯದು ಹತ್ತಿಯದಾದರೆ ಸೆರಗಿನದು ಕೆಂಪು ರೇಷ್ಮೆ. ಈ ಎರಡನ್ನೂ ಎಳೆಗೆ ಎಳೆ ಸಿಕ್ಕಿಸಿ, ಕುಣಿಕೆ ಹಾಕಿ ಕೂಡಿಸಬೇಕು. ಒಂದು ಸೀರೆಗೆ ಸಾವಿರಗಟ್ಟಲೆ ಎಳೆ. ಆಮೇಲೆಯೇ ಟೋಪ ತೆನಿ ಸೆರಗು, ಅದರ ಮೇಲಿನ ಬಿಳಿ ತೆನೆಗಳು, ಎಲ್ಲ. ಆ ಮನೆಯಲ್ಲಿ ಕೊಂಡಿ ಹಾಕುತ್ತಿದ್ದವಳು ಸೊಸೆ. ಗೋಡೆಗೆ ಒರಗಿ ಕೂತು, ನಮ್ಮ ಜೊತೆ ಮಾತಾಡುತ್ತಲೇ, ಕೈ ಕಡೆ ನೋಡದೆ ಹಾಕುತ್ತಿದ್ದಳು. ಅತ್ತೆ ಕಂಡಿಕೆಗೆ ನೂಲು ಸುತ್ತುತ್ತಿದ್ದರು. ಸೀರೆ ಯಾರು ನೇಯ್ದರು ಅಂತ ಕೇಳಿದರೆ ಮಗ್ಗದಲ್ಲಿ ಕೂತವರ ಹೆಸರನ್ನೇ ಎಲ್ಲರೂ ಹೇಳುತ್ತಾರೆ. ಇದು ಇಲ್ಲಿಗೆ ಪಕ್ಕದ ಮಾತು, ಮುಂದೆ ಬೇಕಾಗುತ್ತದೆ.

ಕರೆಂಟ್ ಹೋಯಿತು. ಒಳಗೆ ಕತ್ತಲಾದ್ದರಿಂದ ನಾವೆಲ್ಲ ಹೊರಗಿನ ಕಟ್ಟೆಗೆ ಬಂದೆವು. ಮೇಲೆ ಅದೇ ಮೋಡ, ಅದೇ ಓಟ. ನೇಕಾರರು ಕಣ್ಣ ಮೇಲೆ ಕೈ ಇಟ್ಟು ಬಹಳ ಹೊತ್ತು ನೋಡಿದರು.

"ಮಳಿ ಬರತೈತೇನ್ರಿ ಕಾಕಾ?" ಅಂದೆ.

"ಎಲ್ಲಿ ಮಳಿ ಯವ್ವಾ. ಹೊಕ್ಕ ಸಡ್ಲ ಐತಿ ನೋಡು. ಅಂಚ ಹಿಡದಿಲ್ಲ. ಇದು ಹಿಂಗ ಹರಕೋತ ರಾಯಚೂರ ಕಡಿ ಹೋಗತೈತಿ."

ಹೊಕ್ಕು ಅಂದರೆ ಅಡ್ಡ ಎಳೆ. ಬೇರೆಯವರ ಮಗ್ಗದಿಂದ ಬಂದ ಕೆಟ್ಟ ಸೀರೆಯನ್ನು ತಿರುವಿ ನೋಡುವ ದನಿಯಲ್ಲೇ ಹೇಳಿದರು. ನಾನು ನಕ್ಕೆ. ಅವರು ನಗಲಿಲ್ಲ. ಸ್ವಲ್ಪ ಹೊತ್ತು ಬಿಟ್ಟು, "ಯಾರ ನೇಯ್ದಾರೋ ಏನೋ. ಪಾಪ, ಕೂಲಿ ಸಾಲಿಲ್ಲ ಕಾಣತೈತಿ ಅವ್ಗ" ಅಂದರು.

ಈ ಮಾತು ನನ್ನನ್ನು ಬಿಡಲಿಲ್ಲ. ನಮ್ಮೂರಲ್ಲಿ ಬರಿದಾದ ಮೋಡ ನೋಡಿದವರು ದೇವರು ಕಣ್ಣು ಬಿಡಲಿಲ್ಲ ಅಂತಾರೆ, ಜನರ ಪಾಪ ಜಾಸ್ತಿ ಆಗಿದೆ ಅಂತಾರೆ. ಕೂಲಿ ಸಾಲದೆ ಕೆಲಸ ಸಡಿಲ ಬಿತ್ತು ಅಂದವರನ್ನು ನಾನು ಅದಕ್ಕೂ ಮೊದಲು ನೋಡಿರಲಿಲ್ಲ. ಮೋಡದ ಹಿಂದೆ ಒಬ್ಬ ಮನುಷ್ಯನನ್ನು, ಅದೂ ಸಾಲದಲ್ಲಿರುವ ಮನುಷ್ಯನನ್ನು ಅವರು ಸಲೀಸಾಗಿ ಕೂರಿಸಿಬಿಟ್ಟಿದ್ದರು.

ಐನೂರ್ವರ ಮಗ್ಗುಲಲ್ಲಿ ಮೂವತ್ತು ಮನೆ

ಸಂಘ ಕಟ್ಟಲು ನಮಗೆ ದೂರ ಹೋಗಬೇಕಾಗಿಲ್ಲ. ಹುನಗುಂದ ತಾಲೂಕಿನ ಐಹೊಳೆಯೇ ಇದೆ. ಅಯ್ಯಾವೊಳೆ ಐನೂರ್ವರು ಅಂತ ಶಾಸನಗಳು ಕರೆಯುವ ವ್ಯಾಪಾರಿಗಳ ಆ ದೊಡ್ಡ ಸಂಘ ದಕ್ಷಿಣ ಭಾರತದ ತುಂಬ ಹರಡಿತ್ತು. ಶ್ರೀಲಂಕಾದಲ್ಲಿ ಅವರ ಶಾಸನಗಳಿವೆ. ಸುಮಾತ್ರಾ ದ್ವೀಪದ ಬಾರೂಸ್ ಹತ್ತಿರ 1088ರ ಒಂದು ತಮಿಳು ಶಾಸನದಲ್ಲಿ ಅವರ ಹೆಸರಿದೆ. ಇವತ್ತು ಐಹೊಳೆಗೆ ಹೋದರೆ ದುರ್ಗ ಗುಡಿಯ ಮುಂದೆ ಎಳನೀರು ಮಾರುವವರು, ಆಡು ಕಾಯುವ ಹುಡುಗರು ಕಾಣುತ್ತಾರೆ. ಈ ಊರಿನ ಹೆಸರು ಹೊತ್ತು ಜನ ಸಮುದ್ರ ದಾಟಿದ್ದರು ಅಂದರೆ ನಂಬುವುದು ಕಷ್ಟ.

ನನಗೆ ಐನೂರ್ವರಿಗಿಂತ ಹತ್ತಿರ ಅನ್ನಿಸುವವರು ಸಣ್ಣ ಸಂಘದವರು. ಹಳೆಯ ಕನ್ನಡ ಶಾಸನಗಳಲ್ಲಿ ತೆಲ್ಲಿಗರೈವತ್ತೊಕ್ಕಲು ಬರುತ್ತಾರೆ. ಗಾಣದವರು, ಐವತ್ತು ಮನೆಯವರು. ಗುಡಿಯ ನಂದಾದೀವಿಗೆಗೆ ಗಾಣಕ್ಕಿಷ್ಟು ಎಣ್ಣೆ ಅಂತ ಬಿಟ್ಟುಕೊಟ್ಟದ್ದನ್ನು ಕಲ್ಲಿನಲ್ಲಿ ಕೊರೆಸಿದವರು. ದೊಡ್ಡ ಬಿರುದಿಲ್ಲ, ಯುದ್ಧ ಇಲ್ಲ. ಇಷ್ಟು ಗಾಣ, ಇಷ್ಟು ಎಣ್ಣೆ, ಇದು ನಮ್ಮ ಹೊಣೆ. ನನ್ನ ಮುಗಿಲಕಾರರ ಮೂವತ್ತೊಕ್ಕಲಿಗೆ ಮಾದರಿ ಇವರೇ.

ಕೆಲಸ ಹಂಚಿದ್ದು ಹೀಗೆ. ಮೊದಲ ಮನೆಗಳದು ದೂಳು ಆರಿಸುವ ಕೆಲಸ. ಇದು ಕಲ್ಪನೆಯಾದರೂ ಬುಡ ನಿಜದ್ದೇ. ಗಾಳಿಯಲ್ಲಿರುವ ನೀರಿನ ಆವಿ ಸುಮ್ನೆ ತಾನಾಗಿ ಹನಿ ಕಟ್ಟುವುದಿಲ್ಲ. ಅದಕ್ಕೆ ಕೂರಲು ಒಂದು ಕಣ ಬೇಕು. ಸಮುದ್ರದ ಉಪ್ಪು, ಹೊಲದ ಮಣ್ಣು, ಹೊಗೆ, ಏನಾದರೂ. ಅಂದರೆ ಅರಬ್ಬಿ ಸಮುದ್ರದಿಂದ ಉಪ್ಪು ಬರಬೇಕು, ನಮ್ಮ ರಾಶಿ ಕಣದಿಂದ ದೂಳು ಏಳಬೇಕು. ಕಚ್ಚಾ ಮಾಲಿಗೆ ಬಾಗಲಕೋಟೆ ಜಿಲ್ಲೆಯಲ್ಲಿ ಕೊರತೆಯೇ ಇಲ್ಲ, ಯಾರ ಮನೆಯ ಕಿಟಕಿ ಬೇಕಾದರೂ ಒರೆಸಿ ನೋಡಿ. ಎರಡನೆಯ ಗುಂಪು ಹನಿ ಕಟ್ಟುವವರು. ಅವರ ಹನಿಗಳು ಎಷ್ಟು ಸಣ್ಣವೆಂದರೆ ಅಡ್ಡಳತೆ ಸುಮಾರು 0.02 ಮಿಲಿಮೀಟರ್. ಎರಡು ಮಿಲಿಮೀಟರಿನ ಒಂದು ಮಳೆ ಹನಿ ಆಗಬೇಕಾದರೆ ಅಂಥ 10 ಲಕ್ಷ ಹನಿ ಕೂಡಬೇಕು. ಮೂರನೆಯವರ ಕೆಲಸ ಈ ಕೂಡಿಸುವುದು. ಕೊಂಡಿ ಹಾಕುವವರು ಅನ್ನಿ. ಇಡೀ ಸಂಘದಲ್ಲಿ ಅತಿ ಕಷ್ಟದ ಕೆಲಸ ಇದು. ನಮ್ಮ ಭಾಗದ ಮೇಲೆ ಹೋಗುವ ಮೋಡ ಹೆಚ್ಚಾಗಿ ಕೆಡುವುದೂ ಇಲ್ಲೇ. ಹನಿಗಳು ಇರುತ್ತವೆ, ಕೂಡುವುದಿಲ್ಲ.

ಅಂಚಿನವರು ಬೇರೆ. ಗುಡುಗಿನವರು ಬೇರೆ, ಅವರನ್ನು ಊರ ಹೊರಗೆ ಇಟ್ಟಿದ್ದೇನೆ. ಸಂಜೆಯ ಬಣ್ಣ ಹಾಕುವ ಒಂದು ಮನೆ ಇದೆ. ಅವರಿಗೆ ಜಂಬ ಜಾಸ್ತಿ, ಯಾಕೆಂದರೆ ಜನ ಫೋಟೊ ತೆಗೆಯುವುದು ಅವರ ಕೆಲಸವನ್ನೇ.

ತೂಕದ ಲೆಕ್ಕವನ್ನೂ ಹಾಕಿದ್ದೇನೆ. ಒಂದು ಘನ ಮೀಟರ್ ಮೋಡದಲ್ಲಿ ಅರ್ಧ ಗ್ರಾಂ ನೀರು ಅಂತ ಹಿಡಿಯೋಣ. ಬಿಳಿ ಮೋಡಕ್ಕೆ ಅದು ನ್ಯಾಯವಾದ ಲೆಕ್ಕ. ಉದ್ದ, ಅಗಲ, ಎತ್ತರ ಎಲ್ಲ ಒಂದೊಂದು ಕಿಲೋಮೀಟರ್ ಇರುವ ಮೋಡದಲ್ಲಿ ಆಗ 500 ಟನ್ ನೀರು. ಅಷ್ಟು ಭಾರವನ್ನು ಕೆಳಗಿನ ಬಿಸಿ ಗಾಳಿ ಎತ್ತಿ ಹಿಡಿದಿರುತ್ತದೆ. ನಾವು ಅದನ್ನು ಬರೀ ಮೋಡ ಅಂತ ಬೈಯುತ್ತೇವೆ. ಐದುನೂರು ಟನ್ ಮಾಲು ಕಣ್ಣ ಮುಂದೆ ಹೋಗುತ್ತಿರುವಾಗ ಒಬ್ಬ ಐಹೊಳೆಯ ಸೆಟ್ಟಿ ಸುಮ್ಮನೆ ಕೂರುತ್ತಿದ್ದನೇ?

ಯಾರಿಗೆ ಎಂಥ ಮೋಡ

ಸಂಘ ಕಟ್ಟಿದ ಮೇಲೆ ಗಿರಾಕಿಗಳು ಬರಬೇಕಲ್ಲ. ಮೊದಲು ಇದನ್ನು ಸುಲಭ ಅಂದುಕೊಂಡಿದ್ದೆ. ಒಣ ಸೀಮೆ, ಎಲ್ಲರಿಗೂ ಮಳೆ ಬೇಕು, ಮುಗಿಯಿತು. ಆದರೆ ಆರ್ಡರ್ ಪುಸ್ತಕ ಬರೆಯಲು ಕೂತರೆ ಒಂದು ಪುಟ ಇನ್ನೊಂದಕ್ಕೆ ಹೊಂದುವುದಿಲ್ಲ.

ನೇಕಾರರಿಗೆ ಗಾಳಿಯಲ್ಲಿ ಹಸಿ ಬೇಕು, ನೂಲು ಹರಿಯಬಾರದು. ಆದರೆ ಹಾಸಿಗೆ ಗಂಜಿ ಹಾಕಿ ಓಣಿಯಲ್ಲಿ ಉದ್ದಕ್ಕೆ ಬಿಗಿದ ದಿನ ಒಂದು ಹನಿಯೂ ಬೀಳಬಾರದು. ಮುಂಗಾರಿ ಹೆಸರು ಬಿತ್ತಿದವರಿಗೆ ರೋಹಿಣಿ, ಮಿರಗ ಎರಡೂ ಮಳೆ ಆಗಬೇಕು, ಕಾಯಿ ಬಿಡಿಸುವಾಗ ಮಾತ್ರ ಮಳೆ ಬೇಡ. ಹಿಂಗಾರಿ ಜೋಳದವರದು ಇನ್ನೊಂದು ಲೆಕ್ಕ. ಡೋಣಿ ನದಿ ಸಾಲಿನ ಎರೆಮಣ್ಣು ಉತ್ತರಿ, ಹಸ್ತ ಮಳೆಗೆ ಚೆನ್ನಾಗಿ ನೆನೆದರೆ ಸಾಕು, ಆ ಹಸಿಯ ಮೇಲೆಯೇ ಬಿಳಿಜೋಳ ಚಳಿಗಾಲ ದಾಟುತ್ತದೆ. ಡೋಣಿ ಬೆಳೆದರೆ ಓಣಿಯೆಲ್ಲ ಜೋಳ ಅನ್ನುವ ಮಾತು ಸುಮ್ನೆ ಹುಟ್ಟಿದ್ದಲ್ಲ. ಅದೇ ಚಳಿಗಾಲದಲ್ಲಿ ಪಕ್ಕದ ಹೊಲದ ತೊಗರಿ ಹೂವಿಗೆ ಬಂದಿರುತ್ತದೆ. ಆಗ ಮೋಡ ಕಟ್ಟಿ ನಿಂತರೆ ಹೂವು ಉದುರುತ್ತದೆ, ಕಾಯಿಕೊರಕ ಏಳುತ್ತದೆ. ಜೂನಿನಲ್ಲಿ ಮೋಡಕ್ಕಾಗಿ ಬಾಯಿ ಬಿಟ್ಟವರೇ ಡಿಸೆಂಬರಿನಲ್ಲಿ ಅದಕ್ಕೆ ಶಾಪ ಹಾಕುತ್ತಾರೆ. ಮದುವೆ ಮನೆಯವರ ಮಾತಂತೂ ಬೇಡ. ಪೆಂಡಾಲ್ ಹಾಕಿದ ದಿನ ಅವರಿಗೆ ನೆರಳು ಮಾತ್ರ ಬೇಕು.

ದ್ರಾಕ್ಷಿಯವರನ್ನು ನೋಡಿದ ಮೇಲೆ ನನಗೆ ಇದು ಪೂರ್ತಿ ಗೊತ್ತಾಯಿತು. ವಿಜಯಪುರದ ತಿಕೋಟಾ ಹತ್ತಿರ ಅತ್ತಿಗೆಯ ತವರು ಮನೆ. ಮಾರ್ಚ್ ಕೊನೆಯಲ್ಲಿ ಹೋಗಿದ್ದೆ. ಅವರ ಒಣದ್ರಾಕ್ಷಿ ಶೆಡ್ಡಿನಲ್ಲಿ ಹಂತ ಹಂತವಾಗಿ ಬಲೆ ಕಟ್ಟಿ, ಅದರ ಮೇಲೆ ಹಣ್ಣು ಹರವಿದ್ದರು. ಹಣ್ಣನ್ನು ಮೊದಲು ಪೊಟ್ಯಾಶಿಯಂ ಕಾರ್ಬೊನೇಟ್ ಮತ್ತು ಡಿಪ್ಪಿಂಗ್ ಆಯಿಲ್ ಕಲೆಸಿದ ನೀರಿನಲ್ಲಿ ಅದ್ದುತ್ತಾರೆ. ಆಗ ಸಿಪ್ಪೆಯ ಮೇಲಿನ ಮೇಣ ಸಡಿಲಾಗಿ ಬೇಗ ಒಣಗುತ್ತದೆ. ಒಳ್ಳೆ ಬಿಸಿ ಗಾಳಿ ಇದ್ದರೆ ಎರಡು ವಾರ ಸಾಕು. ನಾವು ಹೋದ ದಿನ ಮಧ್ಯಾಹ್ನ ಮೂರರ ಹೊತ್ತಿಗೆ ಕೆಳ ಮುಗಿಲಿನಲ್ಲಿ ಕಪ್ಪು ಎದ್ದಿತು. ಮಾತಾಡುತ್ತಿದ್ದ ಅತ್ತಿಗೆಯ ಅಣ್ಣ ಎದ್ದು ಹೋಗಿ ಶೆಡ್ಡಿನ ಪಕ್ಕದ ತಾಡಪಾಲು ಇಳಿಸತೊಡಗಿದರು. ಹಣ್ಣಿಗೆ ಹಸಿ ಗಾಳಿ ತಗುಲಿದರೆ ಬಣ್ಣ ಕಪ್ಪಾಗುತ್ತದೆ, ಬಣ್ಣ ಹೋದರೆ ದರ ಹೋಯಿತು. ನಾವೂ ಹಗ್ಗ ಎಳೆದೆವು. ಗಾಳಿ ಜೋರಾಯಿತು. ತಾಡಪಾಲು ಹಿಡಿದೇ ಅವರು ಮೇಲೆ ನೋಡಿ, "ಜೂನನ್ಯಾಗ ಕರದ್ರ ಬರಂಗಿಲ್ಲ ಭಾಡ್ಯಾ. ಈಗ ಯಾರ ಕರದಿದ್ರು ನಿನ್ನ?" ಅಂತ ಕೂಗಿದರು. ಅತ್ತಿಗೆಯ ಅವ್ವ ಒಳಗಿಂದ, "ಹಂಗ ಬೈಬ್ಯಾಡೋ, ಸಿಟ್ಟ ಮಾಡಕೊಂಡ್ರ ಮಿರಗಕ್ಕೂ ಬರಂಗಿಲ್ಲ ಅದು" ಅಂದರು. ಆ ದಿನ ನಾಲ್ಕು ಹನಿ ಬಿದ್ದು ನಿಂತಿತು. ಮೋಡ ಎಲ್ಲಿಗೋ ಹೋಯಿತು.

ಆ ಕೂಗು ಕೇಳಿದ ಮೇಲೆ ಸಂಘದ ಕಟ್ಟಳೆಗೆ ಒಂದು ಹೊಸ ಸಾಲು ಸೇರಿಸಿದೆ. ಆರ್ಡರನ್ನು ಒಬ್ಬರಿಂದ ತೆಗೆದುಕೊಳ್ಳುವಂತಿಲ್ಲ. ಓಣಿಯವರೆಲ್ಲ ಚಾವಡಿಯಲ್ಲಿ ಕೂಡಬೇಕು. ತೊಗರಿಯವನು, ದ್ರಾಕ್ಷಿಯವನು, ನೇಕಾರ, ಕಬ್ಬಿನವನು, ಮದುವೆ ಮನೆಯವನು. ಅಲ್ಲೇ ಬಡಿದಾಡಿ ಒಂದು ಮಾತಿಗೆ ಬಂದ ಮೇಲೆ ಮುಗಿಲಕಾರರು ಕೆಲಸ ಶುರು ಮಾಡುತ್ತಾರೆ. ಜಗಳ ಅವರ ಬಾಗಿಲಿಗೆ ಬರುವ ಮೊದಲು ನಮ್ಮೊಳಗೇ ಒಂದು ಸುತ್ತು ಆಗಿರಬೇಕು. ಇದನ್ನು ಓದಿದ ನನ್ನ ಗೆಳತಿಯೊಬ್ಬಳು, "ಹಾಗಾದರೆ ನಿಮ್ಮ ಕಡೆ ಎಂದೂ ಮಳೆ ಬರುವುದಿಲ್ಲ" ಅಂದಳು. ಅವಳು ಮೈಸೂರಿನವಳು, ಬಿಡಿ.

ಉಪ್ಪು ಹೊತ್ತ ವಿಮಾನ

ನಿಜವಾದ ಮುಗಿಲಕಾರರೂ ಇದ್ದಾರೆ ಅನ್ನುವುದನ್ನು ಮರೆಯುವ ಹಾಗಿಲ್ಲ. 1946ರಲ್ಲಿ ಅಮೆರಿಕದ ವಿನ್ಸೆಂಟ್ ಶೇಫರ್ ವಿಮಾನದಲ್ಲಿ ಹೋಗಿ ಮೋಡಕ್ಕೆ ಒಣ ಮಂಜುಗಡ್ಡೆ ಸುರಿದು ಹಿಮ ಬೀಳಿಸಿದ. ಅದೇ ವರ್ಷ ಅವನ ಜೊತೆಗಾರ ಬರ್ನಾರ್ಡ್ ವಾನಗಟ್ ಸಿಲ್ವರ್ ಅಯೋಡೈಡ್ ಕೂಡ ಅದೇ ಕೆಲಸ ಮಾಡುತ್ತದೆ ಅಂತ ಕಂಡುಕೊಂಡ. ನಮ್ಮ ರಾಜ್ಯದಲ್ಲಿ 2003ರಲ್ಲಿ ವರುಣ, 2017ರಲ್ಲಿ ವರ್ಷಧಾರಿ ಅಂತ ಮೋಡ ಬಿತ್ತನೆ ನಡೆಯಿತು. ನಮಗೆ ಹತ್ತಿರದ ಸೊಲ್ಲಾಪುರದಲ್ಲಿ ಪುಣೆಯ ಉಷ್ಣವಲಯ ಹವಾಮಾನ ಸಂಸ್ಥೆಯವರು 2018 ಮತ್ತು 2019ರ ಮಳೆಗಾಲದಲ್ಲಿ ಪ್ರಯೋಗ ಮಾಡಿದರು. ಸೊಲ್ಲಾಪುರವೂ ನಮ್ಮ ಹಾಗೆ ಘಟ್ಟವೇ ಮಳೆ ತಡೆದುಬಿಡುವ ಮಳೆ ನೆರಳಿನ ಊರು. ರೆಕ್ಕೆಗೆ ಉಪ್ಪಿನ ಜಾತಿಯ ಕಡ್ಡಿಗಳನ್ನು ಕಟ್ಟಿ, ಮೋಡದ ಬುಡದಲ್ಲಿ ಹಾರುತ್ತಾ ಅವನ್ನು ಉರಿಸುತ್ತಾರೆ. ಆ ಕಣಗಳ ಮೇಲೆ ದೊಡ್ಡ ಹನಿ ಕಟ್ಟಿ, ಬೇರೆ ಹನಿಗಳನ್ನು ಕೂಡಿಸಿಕೊಳ್ಳುತ್ತದೆ. ನನ್ನ ಮೂರನೆಯ ಗುಂಪಿನವರ ಕೆಲಸವೇ. ಬಿತ್ತನೆಯ ನಂತರ ಗಾಳಿ ಹೋದ ದಿಕ್ಕಿನ 100 ಚದರ ಕಿಲೋಮೀಟರಿನಲ್ಲಿ ಸರಾಸರಿ ಶೇ 18ರಷ್ಟು ಜಾಸ್ತಿ ಮಳೆ ಆಯಿತು ಅಂತ ಅವರ ಲೆಕ್ಕ.

ಶೇ 18 ಅಂದರೆ ಸಣ್ಣದಲ್ಲ. ಆದರೆ ಬರಿ ಮುಗಿಲಿನಿಂದ ಮೋಡ ಮಾಡಲು ಯಾವ ವಿಮಾನಕ್ಕೂ ಬರುವುದಿಲ್ಲ. ಇರುವ ಮೋಡ ದಪ್ಪ ಇರಬೇಕು, ಬೆಳೆಯುತ್ತಿರಬೇಕು. ಭಾರೀ ಬರದ ವರ್ಷ ಅಂಥ ಮೋಡವೇ ಬರುವುದಿಲ್ಲ. ಅಂದರೆ ಬಹಳ ಬೇಕಾದಾಗ ಇದು ಕಡಿಮೆ ಕೆಲಸಕ್ಕೆ ಬರುತ್ತದೆ. ಇನ್ನೂ ಒಂದು ತೊಡಕಿದೆ. ಬಿತ್ತಿದ ಮೋಡ ಬಿತ್ತದೆ ಇದ್ದಿದ್ದರೆ ಎಷ್ಟು ಸುರಿಯುತ್ತಿತ್ತು ಅಂತ ಯಾರೂ ನೋಡಲಾರರು. ಅದಕ್ಕೇ ಸೊಲ್ಲಾಪುರದಲ್ಲಿ ಯಾವ ಮೋಡಕ್ಕೆ ಬಿತ್ತುವುದು, ಯಾವುದನ್ನು ಬಿಡುವುದು ಅಂತ ಚೀಟಿ ಎತ್ತಿದ ಹಾಗೆ ಆರಿಸಿ, ಎರಡನ್ನೂ ಹೋಲಿಸಿದರು. ಟೆಂಡರ್ ಕರೆದು ಬಿತ್ತಿಸುವಾಗ ಅಷ್ಟು ತಾಳ್ಮೆ ಯಾರಿಗಿರುತ್ತದೆ? ಮಳೆ ಬಂದರೆ ಬಿತ್ತಿದ್ದರಿಂದ ಬಂತು. ಬರದಿದ್ದರೆ ಮೋಡ ಸರಿ ಇರಲಿಲ್ಲ. ಇಂಥವರ ಜೊತೆ ಜಗಳ ಆಡಲು ಹೋದರೆ ನೀವೇ ಸೋಲುತ್ತೀರಿ.

ಚಿಕ್ಕಂದಿನಲ್ಲಿ ಅಜ್ಜಿಯ ಊರಲ್ಲಿ ಮಳೆ ಬೇಡಿ ಗುರ್ಚಿ ಹೊರುವುದನ್ನು ನೋಡಿದ್ದೇನೆ. ಹುಡುಗನೊಬ್ಬನ ತಲೆ ಮೇಲೆ ರೊಟ್ಟಿ ಹಂಚು ಬೋರಲು ಹಾಕಿ, ಅದರ ಮೇಲೆ ಸಗಣಿಯ ಗುರ್ಚಿ ಕೂರಿಸಿ, ಗರಿಕೆ ಸಿಕ್ಕಿಸಿ ಮನೆ ಮನೆಗೆ ಬರುತ್ತಿದ್ದರು. ಹೆಂಗಸರು ಕೊಡದಿಂದ ನೀರು ಹೊಯ್ಯುತ್ತಿದ್ದರು, ಅವನು ಗರಗರ ತಿರುಗುತ್ತಿದ್ದ. ಜೋಳದ ಹಿಟ್ಟು ಕೊಟ್ಟು ಕಳಿಸುತ್ತಿದ್ದರು. ಅಲ್ಲಿ ಬೇಡುವುದಿದೆ. ವಿಮಾನದಲ್ಲಿ ಕೊಳ್ಳುವುದಿದೆ. ಎರಡರಲ್ಲೂ ನನಗೆ ಬೇಕಾದ ಮೂರನೆಯದು, ಜಗಳ ಆಡುವುದು, ಇಲ್ಲ. ಹಾಗಂತ ಆರಿಸು ಅಂದರೆ ನಾನು ಗುರ್ಚಿಯನ್ನೇ ಆರಿಸುತ್ತೇನೆ. ಅಲ್ಲಿ ಕೊನೆಗೆ ಎಲ್ಲರೂ ಕೂಡಿ ಉಣ್ಣುವುದಾದರೂ ಇತ್ತು.

ಈ ಸೀಮೆಯಲ್ಲಿ ಕೆಲಸಕ್ಕೆ ಹೆಸರು ಹಾಕುವ ಅಭ್ಯಾಸ ಹಳೆಯದು. ಐಹೊಳೆಯ ಮೇಗುತಿ ಗುಡಿಯ ಗೋಡೆಯಲ್ಲಿ 634ರ ಕವಿ ರವಿಕೀರ್ತಿ ತನ್ನ ಹೆಸರು ಹೇಳಿ, ಕಾಳಿದಾಸ ಭಾರವಿಯರ ಸಾಲಿಗೆ ತಾನೇ ಹೋಗಿ ಕೂತಿದ್ದಾನೆ. ಪಟ್ಟದಕಲ್ಲಿನಲ್ಲಿ ಲೋಕಮಹಾದೇವಿ ಕಟ್ಟಿಸಿದ ಗುಡಿಯ ಸೂತ್ರಧಾರಿ, ಅಂದರೆ ಮುಖ್ಯ ಶಿಲ್ಪಿ, ಗುಂಡ ಅನಿವಾರಿತಾಚಾರಿಯ ಹೆಸರು, ಅವನಿಗೆ ಸಿಕ್ಕ ತ್ರಿಭುವನಾಚಾರಿ ಬಿರುದು ಎರಡೂ ಕಲ್ಲಿನಲ್ಲಿವೆ. ತೆಂಕಣ ದಿಕ್ಕಿನ ಸರ್ವಸಿದ್ಧಿ ಆಚಾರಿಯ ಹೆಸರೂ ಇದೆ. ಹೆಸರು ಇದ್ದರೆ ಹೊಗಳಬಹುದು. ಕಲ್ಲು ಬಿರುಕು ಬಿಟ್ಟರೆ ಹೋಗಿ ಕೇಳಲೂ ಬಹುದು. ನನ್ನ ಸಂಘದಲ್ಲಿ ಪ್ರತಿ ಮೋಡದ ಅಂಚಿನಲ್ಲೂ ಮನೆಯ ಗುರುತು ಇರಬೇಕು. ಅದರಲ್ಲಿ ಮಗ್ಗದಲ್ಲಿ ಕೂತವರ ಗುರುತು ಒಂದೇ ಸಾಲದು. ಕಂಡಿಕೆ ಸುತ್ತಿದವಳದು, ಕೊಂಡಿ ಹಾಕಿದವಳದು ಮೊದಲು ಬರಬೇಕು. ಪಟ್ಟದಕಲ್ಲಿನವರೂ ತಮ್ಮ ಮನೆಯ ಹೆಂಗಸರ ಹೆಸರು ಬರೆಯಲಿಲ್ಲ. ಹೊಸ ಸಂಘ ಕಟ್ಟುವಾಗಲೂ ಅದನ್ನೇ ಮಾಡಿದರೆ ಕಲ್ಪನೆಗೆ ಯಾಕೆ ಇಷ್ಟು ಶ್ರಮ?

ಹೆಜ್ಜುಂಕ

ಸಂಘದ ಕಚೇರಿ ಎಲ್ಲಿಡಬೇಕು ಅನ್ನುವುದರ ಮೇಲೆ ತಂಗಿಗೂ ನನಗೂ ವಾದ. ಅವಳದು ಕಣಕುಂಬಿ. ಖಾನಾಪುರ ತಾಲೂಕಿನ ಆ ಊರಲ್ಲಿ ವರ್ಷಕ್ಕೆ 3000 ಮಿಲಿಮೀಟರಿಗಿಂತ ಜಾಸ್ತಿ ಮಳೆ. ಮೋಡ ಘಟ್ಟ ಹತ್ತುವಾಗ ತಣ್ಣಗಾಗಿ ಅಲ್ಲೇ ಖಾಲಿಯಾಗುತ್ತದೆ. ಅದೇ ಬೆಳಗಾವಿ ಜಿಲ್ಲೆಯ ಅಥಣಿಗೆ ಬಂದರೆ 600ರ ಆಸುಪಾಸು. ನಮ್ಮ ಬಾಗಲಕೋಟೆ, ವಿಜಯಪುರದ್ದೂ ಹೆಚ್ಚು ಕಡಿಮೆ ಅಷ್ಟೇ. "ಮಾಲು ಇರೋದು ಇಲ್ಲಿ, ಕಚೇರಿನೂ ಇಲ್ಲೇ ಇರಬೇಕು" ಅಂತಾಳೆ ಅವಳು. ನಾನು ಒಪ್ಪುವುದಿಲ್ಲ. ಸಮೃದ್ಧಿ ಇರುವ ಕಡೆ ಕಚೇರಿ ಇಟ್ಟರೆ ದೂರು ಕೇಳುವವರು ಯಾರು? ಐಹೊಳೆಯೇ ಸರಿ. ಅಲ್ಲಿಗೆ ಕಣಕುಂಬಿಯಿಂದ ಒಂದು ದಾರಿಯೂ ಇದೆ. ಮಲಪ್ರಭೆ ಹುಟ್ಟುವುದೇ ಕಣಕುಂಬಿಯಲ್ಲಿ. ಸವದತ್ತಿಯ ನವಿಲುತೀರ್ಥ ಅಣೆಕಟ್ಟು ದಾಟಿ, ಪಟ್ಟದಕಲ್ಲು, ಐಹೊಳೆಯ ಪಕ್ಕ ಹರಿದು, 304 ಕಿಲೋಮೀಟರ್ ಆದ ಮೇಲೆ ಕೂಡಲಸಂಗಮದಲ್ಲಿ ಕೃಷ್ಣೆಗೆ ಸೇರುತ್ತದೆ. ಘಟ್ಟದ ಹಾಸಿಗೂ ನಮ್ಮ ಹಾಸಿಗೂ ಇರುವ ಕೊಂಡಿ ಇದೊಂದೇ. ಮೇಲಿನಿಂದ ಬಾರದ ನೀರು ನೆಲದ ಮೇಲೆ ಬರುತ್ತದೆ, ಅದೂ ಅಣೆಕಟ್ಟಿನವರು ಬಿಟ್ಟಷ್ಟು.

ಆದರೆ ತಲೆ ಮೇಲೆ ಹೋಗುವ ಮೋಡವನ್ನು ಸುಮ್ಮನೆ ಬಿಡಬೇಕಾಗಿಲ್ಲ ಅಂತ ಈಚೆಗೆ ಅನ್ನಿಸಿದೆ. ಚಾಲುಕ್ಯರ ಕಾಲದ ಶಾಸನಗಳಲ್ಲಿ ಪೆರ್ಜುಂಕ, ವಡ್ಡರಾವುಳ ಅಂತ ಸುಂಕಗಳು ಬರುತ್ತವೆ. ಪೆರ್ಜುಂಕವನ್ನೇ ಆಮೇಲೆ ಹೆಜ್ಜುಂಕ ಅಂದರು. ಎತ್ತಿನ ಮೇಲೆ ಹೇರು ಬಂದರೆ ಹೇರಿಗಿಷ್ಟು ಅಂತ ಸುಂಕ ಇಡುತ್ತಿದ್ದರು. ಮೋಡವೂ ಹೇರೇ ಅಲ್ವಾ? ನಮ್ಮ ಸೀಮೆ ದಾಟಿ ರಾಯಚೂರಿಗೋ ತೆಲಂಗಾಣಕ್ಕೋ ಹೋಗುವ ಮೋಡ ಹೆಜ್ಜುಂಕ ಕಟ್ಟಿ ಹೋಗಲಿ. ರಾಮದುರ್ಗದ ಕಡೆ ಒಂದು ಸುಂಕದ ಕಟ್ಟೆ, ಜಮಖಂಡಿಯ ಕಡೆ ಒಂದು. ದೊಡ್ಡ ಮಳೆ ಕೇಳುವುದಿಲ್ಲ. ಮಿರಗಕ್ಕೆ ಒಂದು ಹದ, ಉತ್ತರಿಗೆ ಒಂದು ಹದ. ಉಳಿದದ್ದನ್ನು ಅವರು ಹೊತ್ತುಕೊಂಡು ಹೋಗಲಿ, ಅಲ್ಲಿಯೂ ಜನ ಇದ್ದಾರೆ. ಸುಂಕ ತಪ್ಪಿಸಿದ ಮುಗಿಲಕಾರನಿಗೆ ಶಾಸನದ ಕೊನೆಯ ಶಾಪ ಇದ್ದೇ ಇದೆ. ವಾರಣಾಸಿಯಲ್ಲಿ ಸಾವಿರ ಕವಿಲೆ ಹಸು ಕೊಂದ ಪಾಪ.

ಇಷ್ಟು ಬರೆದು ಅವ್ವನಿಗೆ ಓದಿ ಹೇಳಿದೆ. ಮಾರಿ ಗಂಟು ಹಾಕಿಕೊಂಡು ಕೇಳಿದಳು. ನೆರಳಿನ ಲೆಕ್ಕ ಏನು ಮಾಡಿದಿ ಅಂದಳು. ಮೋಡ ಮಳೆ ಕೊಡದಿದ್ದರೂ ಮಧ್ಯಾಹ್ನ ನೆರಳು ಕೊಟ್ಟು ಹೋಗಿರುತ್ತದೆ, ಅದನ್ನು ಸುಂಕದಲ್ಲಿ ಮುರಿದುಕೊಳ್ಳಬೇಕು, ಇಲ್ಲದಿದ್ದರೆ ಮೋಸ ಆಗುತ್ತದೆ ಅನ್ನುವುದು ಅವಳ ವಾದ. ನಾನು ಆಗುವುದಿಲ್ಲ ಅಂದೆ. ನೆರಳು ಕೇಳದೆ ಕೊಟ್ಟದ್ದು, ಕೇಳದೆ ಕೊಟ್ಟದ್ದಕ್ಕೆ ಲೆಕ್ಕ ಇಲ್ಲ. "ಹಂಗಾರ ನಾ ಒಣಾ ಹಾಕಿದ ಅರಬಿ ತಗಿಯೂದು ಹಾಕೂದು ಮಾಡೀನಲ್ಲ, ಅದರ ಕೂಲಿ ಯಾರ ಕೊಡ್ತಾರ?" ಅಂದಳು ಅವ್ವ. ಇದಕ್ಕೆ ಕಟ್ಟಳೆಯಲ್ಲಿ ಇನ್ನೂ ಸಾಲು ಬರೆದಿಲ್ಲ. ಸದ್ಯಕ್ಕೆ ಅವಳ ದೂರನ್ನು ದಾಖಲಿಸಿಕೊಂಡಿದ್ದೇನೆ. ಸಂಘಕ್ಕೆ ಬಂದ ಮೊದಲ ದೂರು.